ತಾತನ ವಾರಪತ್ರಿಕೆಯ ಹನ್ನೊಂದು ಫೈಲು, ಮೈಸೂರಿನ ಒಂದು ಬೈಂಡಿಂಗ್ ಅಂಗಡಿ

ಮನೆಯಲ್ಲಿ ಹಳೇ ಪತ್ರಿಕೆ, ಹಳೇ ಜಮಾಖರ್ಚಿನ ಪುಸ್ತಕ, ಮುಟ್ಟಿದರೆ ಪುಡಿಯಾಗುವ ಕಾಗದ ಏನಾದರೂ ಇದ್ದರೆ ಈ ಅಂಗಡಿಗೆ ಹೋಗಿ. ಮೈಸೂರಿನ ಗಾಂಧಿ ಚೌಕದಿಂದ ಅಶೋಕ ರಸ್ತೆ ಕಡೆ ನಡೆದು ಪಕ್ಕದ ಗಲ್ಲಿಗೆ ತಿರುಗಿ ಬೈಂಡಿಂಗ್ ಕೆಲಸ ಯಾರು ಮಾಡುತ್ತಾರೆ ಅಂತ ಕೇಳಿದರೆ ಮಹಡಿ ಮೇಲಿನ ಕೋಣೆ ತೋರಿಸುತ್ತಾರೆ. ಬೋರ್ಡ್ ಇಲ್ಲ. ಯಜಮಾನರು ಒಬ್ಬರೇ ಕೆಲಸ ಮಾಡುವುದು, ಜಾಸ್ತಿ ಜನ ಬಂದರೆ ಕೆಲಸ ಕೆಡುತ್ತದೆ, ಹೆಸರು ಹಾಕಬೇಡಿ ಅಂತ ಅವರೇ ಕೇಳಿಕೊಂಡರು. ಹಾಗಾಗಿ ಹೆಸರು ಹಾಕಿಲ್ಲ. ಉಳಿದದ್ದೆಲ್ಲ ಬರೆಯುತ್ತೇನೆ.

ನಾನು ತೆಗೆದುಕೊಂಡು ಹೋಗಿದ್ದು ನಮ್ಮ ತಾತನ ವಾರಪತ್ರಿಕೆಯ ಫೈಲುಗಳನ್ನು. ತಾತ ಮಂಡ್ಯದಲ್ಲಿ 1962ರಿಂದ 1994ರವರೆಗೆ ನಾಲ್ಕು ಪುಟದ ಒಂದು ವಾರಪತ್ರಿಕೆ ನಡೆಸಿದರು. ವರ್ಷಕ್ಕೊಂದು ಫೈಲು. ಎಲ್ಲ ಉಳಿದಿಲ್ಲ. 71ರಿಂದ 74ರವರೆಗಿನದನ್ನು ಗೆದ್ದಲು ತಿಂದುಹಾಕಿದೆ, ಇನ್ನು ಕೆಲವನ್ನು ಯಾರೋ ಓದಿ ಕೊಡುತ್ತೇವೆ ಅಂತ ತೆಗೆದುಕೊಂಡು ಹೋದವರು ವಾಪಸ್ ಕೊಡಲಿಲ್ಲ. ಸ್ವಲ್ಪ ಗಟ್ಟಿಯಾಗಿ ಉಳಿದ ಹನ್ನೊಂದನ್ನು ಹಳೇ ದುಪ್ಪಟಿಯಲ್ಲಿ ಸುತ್ತಿ, ಬೆಳಗಿನ ರೈಲಿನಲ್ಲಿ ತೊಡೆ ಮೇಲೆ ಇಟ್ಟುಕೊಂಡು ಬಂದೆ. ಮಂಡ್ಯದಿಂದ ಮೈಸೂರಿಗೆ ಹೆಚ್ಚು ಹೊತ್ತಿಲ್ಲ, ಆದರೂ ಶ್ರೀರಂಗಪಟ್ಟಣದ ಸೇತುವೆ ದಾಟುವವರೆಗೂ ನನ್ನ ಕೈ ಅದರ ಮೇಲಿಂದ ಎದ್ದಿರಲಿಲ್ಲ.

ಇಷ್ಟು ಹೆದರಿಕೆಗೆ ಕಾರಣ ಇದೆ. 2019ರಲ್ಲಿ ಎರಡು ಫೈಲುಗಳನ್ನು, 1988 ಮತ್ತು 1990ರದ್ದು, ಬೇರೆ ಊರಿನ ಒಬ್ಬ ಬೈಂಡರ್‌ಗೆ ಕೊಟ್ಟಿದ್ದೆ. ನಾಲ್ಕೇ ದಿನದಲ್ಲಿ ವಾಪಸ್ ಬಂತು. ನೀಲಿ ರೆಕ್ಸಿನ್, ಚಿನ್ನದ ಅಕ್ಷರ, ನೋಡೋಕೆ ಚೆನ್ನಾಗಿಯೇ ಇತ್ತು. ತೆಗೆದು ನೋಡಿದರೆ ಮೂರೂ ಅಂಚನ್ನು ಕಟಿಂಗ್ ಮಷೀನಿಗೆ ಕೊಟ್ಟು ಒಪ್ಪ ಮಾಡಿಬಿಟ್ಟಿದ್ದರು. ತಾತ ಪತ್ರಿಕೆ ಅಚ್ಚಾದ ಮೇಲೆ ಅದರ ಅಂಚಿನಲ್ಲಿ ಸೀಸದ ಕಡ್ಡಿಯಲ್ಲಿ ಟಿಪ್ಪಣಿ ಬರೆಯುವ ಅಭ್ಯಾಸದವರು. ಯಾವ ಸುದ್ದಿ ತಪ್ಪಾಯಿತು, ಯಾರು ಬಂದು ಕೂಗಾಡಿದರು, ಯಾವ ಜಾಹೀರಾತಿನ ದುಡ್ಡು ಬಾಕಿ, ಎಲ್ಲ ಅಲ್ಲೇ. ಆ ಎರಡು ವರ್ಷದ ಟಿಪ್ಪಣಿಯೆಲ್ಲ ಹೋಯಿತು. ಪುಟದ ತಳದ ಒಂದು ಸಾಲೂ ಹೋಗಿತ್ತು. ಆಗ ನನಗೆ ಆ ಸಾಲಿನ ಬೆಲೆ ಗೊತ್ತಿರಲಿಲ್ಲ, ಅದನ್ನು ಆಮೇಲೆ ಹೇಳುತ್ತೇನೆ.

ಇಲ್ಲಿ ಆಗಿದ್ದು ಬೇರೆ. ಯಜಮಾನರು ದುಪ್ಪಟಿ ಬಿಚ್ಚಿ ಮೊದಲನೇ ಫೈಲು ತೆಗೆದರು. ಮೂಗಿಗೆ ಹತ್ತಿರ ಹಿಡಿದು ವಾಸನೆ ನೋಡಿದರು. ಒಂದು ಹಾಳೆಯ ಮೂಲೆಯನ್ನು ಎರಡು ಬೆರಳಿನಲ್ಲಿ ಮೆಲ್ಲಗೆ ಮಡಿಸಿದರು, ಅದು ಮುರಿಯಲಿಲ್ಲ. "ಇನ್ನೂ ಜೀವ ಇದೆ" ಅಂದರು. ಆಮೇಲೆ ಅಂಚಿನ ಬರಹ ಕಂಡಿತು. "ಇದ್ಯಾರು ಬರ್ದಿರೋದಮ್ಮ?" ನಮ್ಮ ತಾತ ಅಂದೆ. "ಹಂಗಾದ್ರೆ ಇದಕ್ಕೆ ಕತ್ತಿ ಹಾಕಂಗಿಲ್ಲ. ಅಂಚು ಹೆಂಗಿದ್ಯೋ ಹಂಗೇ ಬಿಡ್ತೀನಿ. ನೋಡೋಕೆ ಅಷ್ಟು ನೀಟಾಗಿ ಕಾಣಲ್ಲ, ಪರವಾಗಿಲ್ವಾ?" ನಾನು ಕೇಳುವ ಮೊದಲೇ ಅವರೇ ಕೇಳಿದ ಮಾತು ಇದು.

ಕೆಲಸದ ಬಗ್ಗೆ ಸ್ವಲ್ಪ ವಿವರವಾಗಿ ಹೇಳಬೇಕು, ಯಾಕೆಂದರೆ ದುಡ್ಡು ಕೊಡುವುದು ಇದಕ್ಕೇ ಅಲ್ವಾ.

ತಾತ ವರ್ಷದ ಕೊನೆಯಲ್ಲಿ 52 ಸಂಚಿಕೆಯನ್ನೂ ಒಂದರ ಮೇಲೊಂದು ಇಟ್ಟು ದಬ್ಬಳದಲ್ಲಿ ತೂತು ಹಾಕಿ ಸೆಣಬಿನ ದಾರದಲ್ಲಿ ಬಿಗಿಯುತ್ತಿದ್ದರು. ಅದು ಪಕ್ಕದ ಹೊಲಿಗೆ. ಫೈಲು ಪೂರ್ತಿ ತೆರೆದುಕೊಳ್ಳುವುದಿಲ್ಲ, ಒಳಗಿನ ಕಾಲಂ ಓದಬೇಕು ಅಂದರೆ ಬಲವಂತವಾಗಿ ಬಗ್ಗಿಸಬೇಕು, ಬಗ್ಗಿಸಿದಷ್ಟೂ ಕಾಗದ ಹರಿಯುತ್ತದೆ. ಇವರು ಆ ದಾರವನ್ನೆಲ್ಲ ಕತ್ತರಿಸಿ ಬಿಡಿಸಿದರು. ನಾಲ್ಕು ಪುಟದ ಪತ್ರಿಕೆ ಅಂದರೆ ನಡುವೆ ಮಡಿಸಿದ ಒಂದೇ ಹಾಳೆ ತಾನೆ. ಒಂದೊಂದು ಸಂಚಿಕೆಯ ಮಡಿಕೆಯ ನಡುವೆ ಸೂಜಿ ಹಾಯಿಸಿ, ಬೆನ್ನಿನ ಮೇಲೆ ಬಟ್ಟೆ ಪಟ್ಟಿಗೆ ಸೇರಿಸಿ ಹೊಲಿದಿದ್ದಾರೆ. ಈಗ ಫೈಲನ್ನು ಮೇಜಿನ ಮೇಲಿಟ್ಟು ತೆರೆದರೆ ಹಾಸಿದ ಚಾಪೆಯ ಹಾಗೆ ಬಿದ್ದುಕೊಳ್ಳುತ್ತದೆ. ಹರಿದ ಕಡೆ ತೆಳ್ಳನೆ ಟಿಶ್ಯೂ ಕಾಗದ. ಅಂಟು ಅವರೇ ಕಾಯಿಸಿದ ಮೈದಾ ಅಂಟು, ಹುಳ ಬರದೆ ಇರಲಿ ಅಂತ ಚಿಟಿಕೆ ಮೈಲುತುತ್ತ. ಸೆಲೋಟೇಪ್ ಅಂದರೆ ಅವರಿಗೆ ಆಗುವುದಿಲ್ಲ. ನಾನೇ ಹಿಂದೆ ಹಚ್ಚಿದ್ದ ಟೇಪು ಕಂದು ಬಣ್ಣಕ್ಕೆ ತಿರುಗಿ ಅಕ್ಷರವನ್ನೂ ಹಿಡಿದುಕೊಂಡಿತ್ತು, ಅದನ್ನು ಬಿಡಿಸೋಕೆ ಒಂದು ದಿನ ಹಿಡಿಯಿತು ಅಂದರು. ಲ್ಯಾಮಿನೇಷನ್ ಕೇಳಬೇಡಿ, ಮಾಡುವುದಿಲ್ಲ. ಸರಿಯೂ ಅಷ್ಟೇ. ಪತ್ರಿಕೆ ಕಾಗದ ಮರದ ತಿರುಳಿನಿಂದ ಮಾಡಿದ್ದು, ಅದರೊಳಗೇ ಇರುವ ಅಂಶ ಗಾಳಿ ಬೆಳಕಿಗೆ ಹಳದಿಯಾಗಿ ಹುಳಿಯಾಗುತ್ತಾ ಹೋಗುತ್ತದೆ. ಪ್ಲಾಸ್ಟಿಕ್ ಒಳಗೆ ಮುಚ್ಚಿದರೆ ಆ ಹುಳಿ ಒಳಗೇ ಉಳಿಯುತ್ತದೆ, ಆಮೇಲೆ ಬಿಡಿಸೋಕೂ ಆಗುವುದಿಲ್ಲ.

ಇನ್ನೊಂದು ಒಳ್ಳೇ ಮಾತು ಅವರೇ ಹೇಳಿಕೊಟ್ಟರು. ಹೊಲಿಗೆ ಬಿಡಿಸಿದಾಗ ಹಾಳೆಗಳು ಬಿಡಿಬಿಡಿಯಾಗಿ ಚಪ್ಪಟೆಯಾಗಿರುತ್ತವೆ, ಫೋಟೊ ತೆಗೆಯೋಕೆ ಅದಕ್ಕಿಂತ ಒಳ್ಳೇ ಸಮಯ ಇಲ್ಲ. "ಎರಡು ದಿನ ಬಂದು ಕೂತ್ಕೊಳಮ್ಮ, ಕಿಟಕಿ ಹತ್ರ ಬೆಳಕು ಚೆನ್ನಾಗಿದೆ" ಅಂದರು. ಹಾಗೆ ಎರಡು ದಿನ ಆ ಕಿಟಕಿಯ ಪಕ್ಕ ಕೂತು ಫೋನಿನಲ್ಲಿ ಒಂದೊಂದೇ ಪುಟದ ಫೋಟೊ ತೆಗೆದೆ. ತಾತನ ಬದುಕನ್ನು ಮೊದಲಿನಿಂದ ಕೊನೆಯವರೆಗೆ ಒಂದೇ ಸಲ ಓದಿದ್ದು ಅವತ್ತೇ.

ತಾತ ಹುಡುಗನಾಗಿದ್ದಾಗ ಮೈಸೂರಿನ ಒಂದು ಪ್ರೆಸ್ಸಿನಲ್ಲಿ ಮೊಳೆ ಜೋಡಿಸುವ ಕೆಲಸಕ್ಕೆ ಸೇರಿದವರು. ಕನ್ನಡದ ಮೊಳೆ ಜೋಡಿಸುವುದು ಇಂಗ್ಲಿಷಿಗಿಂತ ಕಷ್ಟ, ಅಕ್ಷರ ಬೇರೆ, ಗುಣಿತ ಬೇರೆ, ಒತ್ತಕ್ಷರ ಬೇರೆ, ಅಷ್ಟಕ್ಕೂ ಬೇರೆ ಬೇರೆ ಖಾನೆ. ಅಲ್ಲಿದ್ದ ಹಿರಿಯರು ತಾತಯ್ಯನವರ ಕತೆ ಹೇಳುತ್ತಿದ್ದರಂತೆ. ತಾತಯ್ಯ ಅಂದರೆ ಎಂ. ವೆಂಕಟಕೃಷ್ಣಯ್ಯನವರು, 1844ರಲ್ಲಿ ಹುಟ್ಟಿ 1933ರವರೆಗೆ ಬದುಕಿದವರು, ಮರಿಮಲ್ಲಪ್ಪ ಶಾಲೆಯ ಮುಖ್ಯೋಪಾಧ್ಯಾಯರು. ಸಾಧ್ವಿ, ಸಂಪದಭ್ಯುದಯ, ವೃತ್ತಾಂತ ಚಿಂತಾಮಣಿ ಅಂತ ಒಂದಾದ ಮೇಲೊಂದು ಪತ್ರಿಕೆ ನಡೆಸಿದರು, ಪ್ರಜಾಪ್ರತಿನಿಧಿ ಸಭೆಯಲ್ಲಿ ಎದ್ದು ನಿಂತು ಜನರ ಪರ ಮಾತಾಡಿದರು. 1908ರಲ್ಲಿ ಮೈಸೂರು ಸರ್ಕಾರ ಪತ್ರಿಕೆಗಳ ಬಾಯಿ ಕಟ್ಟುವ ಕಾನೂನು ತಂದಾಗ ಅದನ್ನು ವಿರೋಧಿಸಿದವರಲ್ಲಿ ಅವರೂ ಒಬ್ಬರು. ನಮ್ಮ ಕಡೆ ಮದ್ದೂರಿನ ಎಚ್.ಕೆ. ವೀರಣ್ಣಗೌಡರು ಇದ್ದರು, ಚಿತ್ರಗುಪ್ತ ಪತ್ರಿಕೆ ನಡೆಸಿದವರು, 1938ರ ಶಿವಪುರದ ಧ್ವಜ ಸತ್ಯಾಗ್ರಹದಲ್ಲಿ ಮುಂದೆ ನಿಂತವರು, ಸ್ವಾತಂತ್ರ್ಯ ಬಂದ ಮೇಲೆ ಶಾಸಕರೂ ಆದರು. ಪತ್ರಿಕೆ ನಡೆಸುವವನು ಜನರ ಕೆಲಸಕ್ಕೂ ಇಳಿಯಬೇಕು ಅನ್ನೋದು ತಾತನ ತಲೆಯಲ್ಲಿ ಕೂತಿದ್ದು ಇಂಥವರನ್ನು ನೋಡಿ ಕೇಳಿಯೇ ಇರಬೇಕು.

ಅಜ್ಜಿಯ ಕಾಸಿನ ಸರ ಮಾರಿ ಒಂದು ಸೆಕೆಂಡ್ ಹ್ಯಾಂಡ್ ಟ್ರೆಡಲ್ ಮಷೀನ್ ತಂದರು. ಕಾಲಿನಲ್ಲಿ ತುಳಿಯುವ ಮಷೀನು. ಒಂದೊಂದೇ ಪುಟ. 1962ರ ಮೊದಲ ಸಂಚಿಕೆಯಲ್ಲಿ ಬೆಲೆ 6 ನ.ಪೈ. ಅಂತ ಇದೆ, ಅಂದರೆ ನಯೇಪೈಸೆ. 1964ರ ಮಧ್ಯದಲ್ಲಿ ಆ ನ. ಹೋಗಿ ಬರೀ ಪೈಸೆ ಆಗಿದೆ. ಜಾಹೀರಾತು ಅಂದರೆ ಟಾಕೀಸಿನದು, ಗೊಬ್ಬರದ ಅಂಗಡಿಯದು, ಕೋರ್ಟಿನ ನೋಟಿಸು, ಕಬ್ಬು ಅರೆಯುವ ಕಾಲದಲ್ಲಿ ಸಕ್ಕರೆ ಕಾರ್ಖಾನೆಯ ಪ್ರಕಟಣೆ. ಒಂದು ಮೂಲೆಯಲ್ಲಿ ಪುಟ್ಟದಾಗಿ: ಎತ್ತು ಕಳೆದಿದೆ, ಬಲಗೊಂಬು ಮುರಿದಿದೆ, ಸಿಕ್ಕವರು ಪ್ರೆಸ್ಸಿಗೆ ತಿಳಿಸುವುದು. ಮುಂದಿನ ವಾರ ಅದೇ ಮೂಲೆಯಲ್ಲಿ: ಎತ್ತು ಸಿಕ್ಕಿದೆ.

ಮೊದಲ ಪುಟದ ಬಲ ಮೇಲ್ತುದಿಯಲ್ಲಿ ಒಂದು ಚೌಕ. ಅದರಲ್ಲಿ ಕನ್ನಂಬಾಡಿ ಕಟ್ಟೆಯ ನೀರಿನ ಮಟ್ಟ. ಗರಿಷ್ಠ 124.80 ಅಡಿ ಅನ್ನೋದು ಒಂದೇ ಬ್ಲಾಕು, ಅದು ಎಂದೂ ಬದಲಾಗುವುದಿಲ್ಲ, ಅದರ ಕೆಳಗೆ ಈ ವಾರದ ಮಟ್ಟ ಮಾತ್ರ ಮೊಳೆಯಲ್ಲಿ ಜೋಡಿಸಿದ್ದು. ಮಂಡ್ಯದವರಿಗೆ ಈ ಸಂಖ್ಯೆ ಅಂದರೆ ಏನು ಅಂತ ಹೇಳಬೇಕಿಲ್ಲ. ಗದ್ದೆಗೆ ಭತ್ತ ಹಾಕಬೇಕಾ, ಕಬ್ಬು ಉಳಿಯುತ್ತದಾ, ಮಗಳ ಮದುವೆ ಈ ವರ್ಷವಾ ಮುಂದಿನ ವರ್ಷವಾ, ಎಲ್ಲ ಅದನ್ನು ನೋಡಿಯೇ. 1975ರ ಜುಲೈನ ಒಂದು ಸಂಚಿಕೆಯಲ್ಲಿ, ತುರ್ತು ಪರಿಸ್ಥಿತಿ ಬಂದ ಹೊಸತರಲ್ಲಿ, ಸಂಪಾದಕೀಯ ಇರಬೇಕಾದ ಜಾಗದಲ್ಲಿ ಒಂದಕ್ಷರವೂ ಇಲ್ಲ, ಎರಡು ಕಾಲಂ ಪೂರ್ತಿ ಖಾಲಿ ಬಿಟ್ಟು ನಡುವೆ ಕಟ್ಟೆಯ ನೀರಿನ ಮಟ್ಟ ಮಾತ್ರ ಅಚ್ಚು ಹಾಕಿದ್ದಾರೆ. ಸೆನ್ಸಾರಿನವರು ಅದಕ್ಕೆ ಏನು ಅನ್ನೋಕೆ ಸಾಧ್ಯ? ಆ ಪುಟ ನೋಡಿ ಯಜಮಾನರು ಹೊಲಿಗೆ ಬಿಟ್ಟು ಎದ್ದು ಬಂದರು. ಬಹಳ ಹೊತ್ತು ನೋಡಿದರು.

ಸುದ್ದಿ ಅಂದರೆ ಹೆಚ್ಚಾಗಿ ನಾಲೆಯದೇ. ಕಟ್ಟೆಯಿಂದ ಬರುವ ವಿ.ಸಿ. (ವಿಶ್ವೇಶ್ವರಯ್ಯ) ನಾಲೆಯ ಕೊನೆ ಭಾಗಕ್ಕೆ ನೀರು ಬರುತ್ತಿಲ್ಲ, ಮೇಲಿನವರು ತೂಬು ಮುಚ್ಚುತ್ತಿಲ್ಲ, ಕಟ್ಟು ನೀರಿನ ಸರದಿ ತಪ್ಪಿತು, ಕಬ್ಬಿನ ಬಾಕಿ ಇನ್ನೂ ಬಂದಿಲ್ಲ, ಶಾಲೆಯ ಹೆಂಚು ಒಡೆದಿದೆ. ಒಂದೇ ಹಳ್ಳಿಯ ಒಂದೇ ಸೇತುವೆಯ ಬಗ್ಗೆ ಒಂಬತ್ತು ವರ್ಷ ಬರೆದಿದ್ದಾರೆ. ನಾನು ಎಣಿಸಿದೆ, ಉಳಿದಿರುವ ಫೈಲುಗಳಲ್ಲೇ ಹದಿನಾಲ್ಕು ಸಲ.

ರಾಜಕೀಯಕ್ಕೆ ಬಂದಿದ್ದು 1987ರಲ್ಲಿ. ಅಬ್ದುಲ್ ನಜೀರ್ ಸಾಬರು ಮಂತ್ರಿಯಾಗಿದ್ದಾಗ ತಂದ ಕಾನೂನಿನ ಪ್ರಕಾರ ಆ ವರ್ಷ ಜನವರಿಯಲ್ಲಿ ಜಿಲ್ಲಾ ಪರಿಷತ್ತಿಗೆ, ಮಂಡಲ ಪಂಚಾಯಿತಿಗೆ ಚುನಾವಣೆ ನಡೆಯಿತು. ಹೆಂಗಸರಿಗೆ ಶೇ. 25 ಸ್ಥಾನ ಮೀಸಲಿಟ್ಟ ಚುನಾವಣೆ. ಅಧಿಕಾರ ಹಳ್ಳಿಗೆ ಬರುತ್ತದೆ ಅಂತ ಜನ ನಿಜವಾಗಿ ನಂಬಿದ್ದ ಕಾಲ. ಅರ್ಜಿ ಹಿಡಿದುಕೊಂಡು ಪ್ರೆಸ್ಸಿಗೆ ಬರುತ್ತಿದ್ದ ಹಳ್ಳಿಯವರೇ, ಇಷ್ಟು ವರ್ಷ ಬರೆದಿದ್ದೀರಿ, ಈಗ ನೀವೇ ಹೋಗಿ ಮಾಡಿ ಅಂತ ಒತ್ತಾಯ ಮಾಡಿ ತಾತನನ್ನು ಜಿಲ್ಲಾ ಪರಿಷತ್ತಿಗೆ ನಿಲ್ಲಿಸಿದರು. ಯಾವ ಪಕ್ಷವೂ ಇಲ್ಲ, ಪಕ್ಷೇತರ. ನಾಮಪತ್ರ ಹಾಕುವ ಮುಂಚಿನ ವಾರ ಮೊದಲ ಪುಟದಲ್ಲಿ ತಮ್ಮ ಆಸ್ತಿ ಪಟ್ಟಿ ಹಾಕಿದ್ದಾರೆ: ಒಂದು ಎಕರೆ ಹತ್ತು ಗುಂಟೆ, ಪ್ರೆಸ್ಸು, ಸೊಸೈಟಿ ಸಾಲ ಇಷ್ಟು, ಕಾಗದದ ಅಂಗಡಿಗೆ ಬಾಕಿ ಇಷ್ಟು. ಆಗ ಹಾಗೆ ಹಾಕಲೇಬೇಕು ಅಂತ ಯಾವ ನಿಯಮವೂ ಇರಲಿಲ್ಲ. ತಮ್ಮದೇ ಕರಪತ್ರವನ್ನು ತಮ್ಮದೇ ಪ್ರೆಸ್ಸಿನಲ್ಲಿ ಅಚ್ಚು ಹಾಕಿ, ಹೊರಗಿನವರಿಗೆ ಎಷ್ಟು ದರವೋ ಅಷ್ಟನ್ನೇ ಚುನಾವಣೆ ಖರ್ಚಿಗೆ ಬರೆದುಕೊಂಡಿದ್ದಾರೆ. ಆ ಲೆಕ್ಕವೂ ಅಂಚಿನಲ್ಲೇ ಇದೆ.

ಗೆದ್ದರು.

ಈಗ ಆ 1987ರ ಫೈಲಿನ ವಿಷಯ. ಅದು ನಮ್ಮ ಮನೆಯಲ್ಲಿ ಯಾರೂ ತೆರೆದು ನೋಡಿರದ ಫೈಲು. ಹೆಂಚು ಸೋರಿ ನೀರು ಬಿದ್ದು, ಒಣಗಿ, ಇಟ್ಟಿಗೆಯ ಹಾಗೆ ಒಂದೇ ಗಟ್ಟಿಯಾಗಿತ್ತು. ಬಿಸಾಕಿಬಿಡೋಣ ಅಂತಲೂ ಒಮ್ಮೆ ಮಾತಾಗಿತ್ತು. ಯಜಮಾನರು ಅದನ್ನು ಒದ್ದೆ ಒತ್ತುಕಾಗದದ ನಡುವೆ ಇಟ್ಟು, ಮೇಲೆ ಹಗುರವಾಗಿ ಭಾರ ಹೇರಿ, ಎರಡು ರಾತ್ರಿ ಬಿಟ್ಟರು. ಅಚ್ಚಿನ ಮಸಿ ಎಣ್ಣೆಯದು, ನೀರಿಗೆ ಹರಡುವುದಿಲ್ಲ, ಸೀಸದ ಕಡ್ಡಿಯೂ ಹರಡುವುದಿಲ್ಲ, ಇಂಕ್ ಪೆನ್ನಿನಲ್ಲಿ ಬರೆದಿದ್ದರೆ ಮುಟ್ಟುತ್ತಿರಲಿಲ್ಲ ಅಂದರು. ಆಮೇಲೆ ತೆಳ್ಳನೆ ತಗಡಿನ ಪಟ್ಟಿಯನ್ನು ಹಾಳೆಗಳ ನಡುವೆ ತೂರಿಸಿ, ಉಸಿರು ಬಿಗಿ ಹಿಡಿದು, ಒಂದೊಂದನ್ನೇ ಎಬ್ಬಿಸಿದರು. ನಾನು ಪಕ್ಕದಲ್ಲೇ ನಿಂತಿದ್ದೆ. ಒಂದು ಹಾಳೆಗೆ ಐದು ನಿಮಿಷ, ಕೆಲವಕ್ಕೆ ಇಪ್ಪತ್ತು. ಮೂರು ಹಾಳೆ ಕೈಗೆ ಬರಲಿಲ್ಲ, ಉಳಿದದ್ದೆಲ್ಲ ಬಂತು.

ಪತ್ರಿಕೆ ನಡೆಸುವವರು ಪ್ರತಿ ವರ್ಷ ಫೆಬ್ರುವರಿ ಮುಗಿದ ಮೇಲೆ ಬರುವ ಮೊದಲ ಸಂಚಿಕೆಯಲ್ಲಿ ನಮೂನೆ 4 ಅಂತ ಒಂದು ಹೇಳಿಕೆ ಹಾಕಬೇಕಿತ್ತು, 1956ರ ನಿಯಮ ಅದು. ಪ್ರಕಟವಾಗುವ ಸ್ಥಳ, ಮುದ್ರಕರ ಹೆಸರು, ಪ್ರಕಾಶಕರ ಹೆಸರು, ಸಂಪಾದಕರ ಹೆಸರು, ಮಾಲೀಕರ ಹೆಸರು. ತಾತನ ಪತ್ರಿಕೆಯಲ್ಲಿ ಆ ನಾಲ್ಕೂ ಹೆಸರು ಒಂದೇ. 63ರಲ್ಲೂ ಅದೇ, 70ರಲ್ಲೂ ಅದೇ, 86ರಲ್ಲೂ ಅದೇ. ಕೊನೆಯಲ್ಲಿ, ಮೇಲೆ ಹೇಳಿದ ವಿವರಗಳು ನನಗೆ ತಿಳಿದಮಟ್ಟಿಗೆ ಸತ್ಯ ಅಂತ ಸಹಿ.

1987ರ ಮಾರ್ಚಿನ ಹಾಳೆ ಎದ್ದು ಬಂತು. ಮುದ್ರಕರು ತಾತ, ಪ್ರಕಾಶಕರು ತಾತ, ಮಾಲೀಕರು ತಾತ. ಸಂಪಾದಕರು, ನಮ್ಮ ಅಜ್ಜಿ.

ನಾನು ಮೂರು ಸಲ ಓದಿದೆ. ಅಜ್ಜಿ ಎಲ್.ಎಸ್., ಅಂದರೆ ಲೋಯರ್ ಸೆಕೆಂಡರಿ ಪರೀಕ್ಷೆ ಪಾಸಾದವರು, ಪತ್ರಿಕೆ ಮಡಿಸುತ್ತಿದ್ದರು, ವಿಳಾಸದ ಚೀಟಿ ಅಂಟಿಸುತ್ತಿದ್ದರು, ಅಂಚೆಗೆ ಕೊಂಡು ಹೋಗುತ್ತಿದ್ದರು, ಅಷ್ಟೇ ನನಗೆ ಗೊತ್ತಿದ್ದದ್ದು. ಅಲ್ಲೇ ನಿಂತು ಪಾಂಡವಪುರದ ಅತ್ತೆಗೆ ಫೋನ್ ಮಾಡಿದೆ. "ಅವ್ವ ರಾತ್ರಿ ಬರ್ದು ಅಪ್ಪಂಗೆ ಓದಿ ಹೇಳ್ತಿತ್ತು ಕಣವ್ವ, ಅದು ನಂಗೊತ್ತು. ಹೆಸ್ರು ಹಾಕಿದ್ದು ನಂಗೂ ಗೊತ್ತಿಲ್ಲ" ಅಂದರು. ಅತ್ತೆಗೆ ಆ ಹೊತ್ತಿಗೆ ಮದುವೆಯಾಗಿ ಏಳೆಂಟು ವರ್ಷ ಆಗಿತ್ತು. ಸ್ವಲ್ಪ ಹೊತ್ತು ಇಬ್ಬರೂ ಮಾತಾಡಲಿಲ್ಲ.

ಪ್ರತಿ ಸಂಚಿಕೆಯ ಕೊನೇ ಪುಟದ ತಳದಲ್ಲಿ ಮುದ್ರಕ, ಪ್ರಕಾಶಕ, ಸಂಪಾದಕರ ಹೆಸರಿನ ಒಂದು ಸಾಲು ಇರಬೇಕು, ಅದು 1867ರಷ್ಟು ಹಳೇ ಕಾನೂನಿನ ಮಾತು. 2023ರಲ್ಲಿ ಅದರ ಜಾಗಕ್ಕೆ ಹೊಸ ಕಾನೂನು ಬಂದಿದೆ. ಬೇರೆ ಫೈಲುಗಳನ್ನು ತೆಗೆದು ನೋಡಿದರೆ 1989ರಲ್ಲೂ, 1991ರಲ್ಲೂ ಆ ಸಾಲಿನಲ್ಲಿ ಅಜ್ಜಿಯ ಹೆಸರು ಇದೆ, ಚಿಕ್ಕ ಅಕ್ಷರದಲ್ಲಿ, ಅಂಚಿಗೆ ತೀರಾ ಹತ್ತಿರ. 88 ಮತ್ತು 90ರ ಫೈಲಿನಲ್ಲಿ ಆ ಬೈಂಡರ್ ಕತ್ತರಿಸಿ ಬಿಸಾಕಿದ್ದು ಅದೇ ಸಾಲನ್ನು. ಐದು ವರ್ಷ ಆ ಫೈಲುಗಳು ನನ್ನ ಮೇಜಿನ ಮೇಲೇ ಇದ್ದವು, ನಾನು ಎಷ್ಟೋ ಸಲ ಓದಿದ್ದೇನೆ.

ತಾತ ಯಾಕೆ ಹಾಗೆ ಮಾಡಿದರು ಅನ್ನೋದಕ್ಕೆ ಅದೇ ಮಾರ್ಚಿನ ಸಂಚಿಕೆಯಲ್ಲಿ ನಾಲ್ಕು ಸಾಲಿನ ಪ್ರಕಟಣೆ ಇದೆ. ಸದಸ್ಯನಾದವನು ತನ್ನ ಬಗ್ಗೆ ತಾನೇ ಬರೆದುಕೊಳ್ಳುವುದು ಸರಿಯಲ್ಲ, ಇನ್ನು ಮುಂದೆ ಈ ಪತ್ರಿಕೆಯಲ್ಲಿ ಏನು ಬರಬೇಕು ಅನ್ನೋದನ್ನು ನಾನು ಹೇಳುವುದಿಲ್ಲ, ಅಂತ. ಹೆಂಡತಿಯ ಹೆಸರಿಗೆ ಸುಮ್ನೆ ಬರೆದುಕೊಟ್ಟು ಒಳಗೆ ತಾವೇ ನಡೆಸಿರಬಹುದು ಅಂತ ಯಾರಿಗಾದರೂ ಅನ್ನಿಸಬಹುದು. ನನಗೂ ಒಂದು ಕ್ಷಣ ಹಾಗೇ ಅನ್ನಿಸಿತು. ಆದರೆ ಆಗಸ್ಟ್ ತಿಂಗಳ ಎರಡನೇ ಪುಟದಲ್ಲಿ ಒಂದು ಸುದ್ದಿ ಇದೆ. ಒಂದು ಹಳ್ಳಿಯ ಕೈಪಂಪು ಕೆಟ್ಟು ಏಳು ವಾರವಾಗಿದೆ, ಹೆಂಗಸರು ಒಂದೂವರೆ ಮೈಲಿ ನಡೆದು ನೀರು ತರುತ್ತಿದ್ದಾರೆ, ಈ ಭಾಗದ ಜಿಲ್ಲಾ ಪರಿಷತ್ ಸದಸ್ಯರಿಗೆ ಎರಡು ಸಲ ತಿಳಿಸಿದರೂ ಅವರು ಇತ್ತ ಬಂದಿಲ್ಲ, ಅಂತ. ಈ ಭಾಗದ ಸದಸ್ಯರು ಅಂದರೆ ತಾತ. ಅದರ ಪಕ್ಕ ಅಂಚಿನಲ್ಲಿ, ಹರಿದು ಹಲ್ಲುಹಲ್ಲಾಗಿರುವ ಆ ಅಂಚಿನಲ್ಲಿ, ಸೀಸದ ಕಡ್ಡಿಯಲ್ಲಿ ತಾತನ ಅಕ್ಷರ: "ಸರಿ ಇದೆ. ಸೋಮವಾರ ಹೋಗಬೇಕು."

ಎರಡು ವಾರದ ಮೇಲಿನ ಸಂಚಿಕೆಯಲ್ಲಿ ಪಂಪು ರಿಪೇರಿಯಾದ ಸುದ್ದಿ, ಎರಡೇ ಸಾಲು. ಸದಸ್ಯರ ಹೆಸರೂ ಇಲ್ಲ, ಫೋಟೊವೂ ಇಲ್ಲ.

ಆ ಒಂಬತ್ತು ವರ್ಷದ ಸೇತುವೆ 1988ರಲ್ಲಿ ಆಯಿತು ಅಂತ ಅತ್ತೆ ಹೇಳುತ್ತಾರೆ. 1989ರ ಕೊನೆಯಲ್ಲಿ ವಿಧಾನಸಭೆ ಚುನಾವಣೆಗೂ ಪಕ್ಷೇತರನಾಗಿ ನಿಂತರು, ಠೇವಣಿ ಹೋಯಿತು. ರಾಜ್ಯದಲ್ಲಿ ಕಾಂಗ್ರೆಸ್ 224ರಲ್ಲಿ 178 ಗೆದ್ದ ಚುನಾವಣೆ ಅದು. ಅಜ್ಜಿ ಮೊದಲ ಪುಟದಲ್ಲಿ ಎಲ್ಲ ಅಭ್ಯರ್ಥಿಗಳ ಮತ ಹಾಕಿದ್ದಾರೆ, ತಾತನ ಹೆಸರು ಕೆಳಗಿನಿಂದ ಮೂರನೆಯದು, ಅದರ ಮುಂದೆ ಠೇವಣಿ ನಷ್ಟ ಅಂತ ಎಲ್ಲರಿಗೂ ಹಾಕಿದ ಹಾಗೇ ಇದೆ.

1991ರ ಫೈಲನ್ನು ಓದೋದು ಕಷ್ಟ ಆಯಿತು. ಜೂನ್ 25ಕ್ಕೆ ಕಾವೇರಿ ನ್ಯಾಯಮಂಡಳಿಯ ಮಧ್ಯಂತರ ಆದೇಶ, ತಮಿಳುನಾಡಿಗೆ ವರ್ಷಕ್ಕೆ 205 ಟಿಎಂಸಿ. ಆಮೇಲೆ ಆಗಿನ ಮುಖ್ಯಮಂತ್ರಿ ಬಂಗಾರಪ್ಪನವರ ಸುಗ್ರೀವಾಜ್ಞೆ, ಅದನ್ನು ಸುಪ್ರೀಂ ಕೋರ್ಟ್ ಒಪ್ಪದೆ ಹೋದದ್ದು, ಮಂಡ್ಯದ ಮುಖಂಡ ಜಿ. ಮಾದೇಗೌಡರ ಹೋರಾಟ, ರಸ್ತೆ ತಡೆ. ನೀರಿನ ಚೌಕದ ಗಾತ್ರ ಎರಡರಷ್ಟಾಗಿದೆ. ರೈತರ ಪರವಾಗಿ ಪತ್ರಿಕೆ ಗಟ್ಟಿಯಾಗಿ ನಿಂತಿದೆ. ಆದರೆ ಡಿಸೆಂಬರಿನಲ್ಲಿ ಗಲಾಟೆಯಾಗಿ, ಬೆಂಗಳೂರಿನಲ್ಲೂ ನಮ್ಮ ಹಳೇ ಮೈಸೂರಿನ ಕಡೆಯೂ ತಮಿಳು ಮಾತಾಡುವವರ ಮನೆ ಅಂಗಡಿಗೆ ಬೆಂಕಿ ಬಿದ್ದಾಗ ಅಜ್ಜಿ ಬರೆದ ಸಂಪಾದಕೀಯ ಚಿಕ್ಕದು. ನೀರು ಕೇಳುವುದು ನಮ್ಮ ಹಕ್ಕು, ಪಕ್ಕದ ಮನೆಯವರನ್ನು ಓಡಿಸುವುದು ನಮ್ಮ ಹಕ್ಕಲ್ಲ, ನಮ್ಮ ಗದ್ದೆಯಲ್ಲಿ ನಾಟಿ ಹಾಕಿದ ಕೈಗಳಲ್ಲಿ ಅವರ ಕೈಯೂ ಇದೆ, ಅಂತ. ಆ ವಾರ ಮಂಡ್ಯದಲ್ಲಿ ಅದನ್ನು ಬರೆಯುವುದು ಸುಲಭದ ಕೆಲಸ ಆಗಿರಲಿಲ್ಲ. ತಾತನ ಟಿಪ್ಪಣಿ: "ಇಪ್ಪತ್ತೆರಡು ಜನ ಚಂದಾ ನಿಲ್ಲಿಸಿದರು. ನಿಲ್ಲಿಸಲಿ."

ಪರಿಷತ್ತಿನ ಅವಧಿ 1992ಕ್ಕೆ ಮುಗಿಯಿತು, ತಾತ ಮತ್ತೆ ನಿಲ್ಲಲಿಲ್ಲ. ಅಷ್ಟರಲ್ಲಿ ಆಫ್‌ಸೆಟ್ ಬಂದಿತ್ತು, ಕಂಪ್ಯೂಟರಿನಲ್ಲಿ ಅಕ್ಷರ ಜೋಡಿಸುವುದು ಬಂದಿತ್ತು. 1994ರಲ್ಲಿ ಪತ್ರಿಕೆ ನಿಂತಿತು. ಟ್ರೆಡಲ್ ಮಷೀನನ್ನು ಗುಜರಿಯವರು ಕೆಜಿ ಲೆಕ್ಕದಲ್ಲಿ ತೂಗಿದರು. ಮೊಳೆಗಳನ್ನೂ ಸೀಸದ ತೂಕಕ್ಕೆ ಕೊಟ್ಟರು.

ಇನ್ನು ಅಂಗಡಿಯ ವಿಷಯಕ್ಕೆ ಬರುತ್ತೇನೆ, ಹೋಗುವವರಿಗೆ ಬೇಕಾಗುತ್ತದೆ.

ಸಾಧಾರಣ ಫೈಲಿಗೆ ನನಗೆ 700 ರೂಪಾಯಿ ಆಯಿತು, ಅರ್ಧ ಕ್ಯಾಲಿಕೊ ಅನ್ನೋ ಬೈಂಡಿಂಗ್ ಬಟ್ಟೆ, ಅರ್ಧ ರಟ್ಟಿನ ಮೇಲೆ ಕಾಗದ. ಜಾಸ್ತಿ ರಿಪೇರಿ ಇದ್ದ ನಾಲ್ಕಕ್ಕೆ ತಲಾ 1,200. ಒಟ್ಟು 9,700. ಬೀದಿ ಬದಿಯ ಬೈಂಡಿಂಗಿಗೆ ಹೋಲಿಸಿದರೆ ದುಬಾರಿ ಅನ್ನಿಸಬಹುದು. ಆ 87ರ ಫೈಲಿನ ಮುಂದೆ ಅವರು ಕೂತ ಹೊತ್ತನ್ನು ನಾನು ನೋಡಿದ್ದೇನೆ, ನನಗೆ ಕಡಿಮೆ ಅನ್ನಿಸಿತು. ಜಾಸ್ತಿ ಕೊಡೋಕೆ ಹೋದರೆ ತೆಗೆದುಕೊಳ್ಳಲಿಲ್ಲ. ಫೋನಿನಲ್ಲೇ ದುಡ್ಡು ಹಾಕಬಹುದು.

ಕೊರತೆಯೂ ಇದೆ. ಮೂರು ವಾರ ಅಂದಿದ್ದು ಐದೂವರೆ ವಾರ ಆಯಿತು. ನಡುವೆ ಫೋನ್ ಮಾಡಿದರೆ ಎತ್ತುವುದಿಲ್ಲ, ಕೈಯೆಲ್ಲ ಅಂಟು ಇರುತ್ತದೆ ಅಂತಾರೆ. ನಿಜವೇ, ಆದರೂ ಇಂಥ ವಸ್ತು ಕೊಟ್ಟು ಬಂದವರಿಗೆ ಆತಂಕ ಆಗುತ್ತದೆ, ಸಂಜೆಗಾದರೂ ತಿರುಗಿ ಫೋನ್ ಮಾಡಿದರೆ ಚೆನ್ನಾಗಿತ್ತು. ರಸೀದಿ ಕೇಳಿ ಬರೆಸಿಕೊಳ್ಳಿ, ಎಷ್ಟು ಫೈಲು, ಯಾವ ವರ್ಷ, ಎಲ್ಲ ಬರೆಸಿ. ಒಂದು ಫೈಲಿನ ಬೆನ್ನಿನ ಮೇಲೆ 1978 ಅಂತ ಇರಬೇಕಾದ ಕಡೆ 1987 ಅಂತ ಬಂದಿತ್ತು, ಅದು ಅಕ್ಷರ ಹೊಡೆಯೋಕೆ ಹೊರಗೆ ಕೊಡುವುದರಿಂದ ಆದ ತಪ್ಪು. ತೋರಿಸಿದ ತಕ್ಷಣ ಬೆನ್ನು ತೆಗೆದು ಹೊಸದು ಹಾಕಿಕೊಟ್ಟರು, ದುಡ್ಡು ಕೇಳಲಿಲ್ಲ. ಮೆಟ್ಟಿಲು ಬಹಳ ಕಡಿದು, ವಯಸ್ಸಾದವರು ಹತ್ತೋದು ಕಷ್ಟ, ಕೆಳಗಿನಿಂದ ಕೂಗಿದರೆ ಅವರೇ ಇಳಿದು ಬರುತ್ತಾರೆ. ಗಾಡಿ ನಿಲ್ಲಿಸೋಕೆ ಜಾಗ ಇಲ್ಲ. ಶುಕ್ರವಾರ ಮಧ್ಯಾಹ್ನ ಮುಚ್ಚಿರುತ್ತದೆ, ಭಾನುವಾರ ರಜೆ. ಸ್ಕ್ಯಾನಿಂಗ್ ಇಲ್ಲ.

ಮದುವೆ ಆಲ್ಬಂ, ಕಾಲೇಜಿನ ಪ್ರಾಜೆಕ್ಟ್ ಬೈಂಡಿಂಗಿಗೆಲ್ಲ ಇಲ್ಲಿಗೆ ಹೋಗಬೇಡಿ, ಅದಕ್ಕೆ ಬೇಕಾದಷ್ಟು ಅಂಗಡಿ ಇವೆ, ಇವರ ಸಮಯ ಹಳೇ ಕಾಗದಕ್ಕೆ ಇರಲಿ. ಊರೂರಲ್ಲಿ ಇಂಥ ಸಣ್ಣ ಪತ್ರಿಕೆ ನಡೆಸಿದವರ ಮನೆಗಳಿವೆ. ಅಟ್ಟದ ಮೇಲೆ ಫೈಲುಗಳಿವೆ. ಇದ್ದರೆ ದಯವಿಟ್ಟು ರದ್ದಿಗೆ ಹಾಕಬೇಡಿ, ಅಂಟಿಕೊಂಡು ಗಟ್ಟಿಯಾಗಿದ್ದರೂ ಹಾಕಬೇಡಿ. ತೆಗೆದುಕೊಂಡು ಹೋಗುವಾಗ ಪ್ಲಾಸ್ಟಿಕ್ ಕವರಿನಲ್ಲಿ ಬೇಡ, ಹತ್ತಿ ಬಟ್ಟೆಯಲ್ಲಿ ಸುತ್ತಿ, ಮಲಗಿಸಿಕೊಂಡೇ ಒಯ್ಯಿರಿ.

ಆ 88 ಮತ್ತು 90ರ ಫೈಲುಗಳನ್ನೂ ಮುಂದಿನ ತಿಂಗಳು ಅವರ ಹತ್ತಿರ ಒಯ್ಯುತ್ತಿದ್ದೇನೆ. ಕತ್ತರಿಸಿ ಹೋದ ಸಾಲನ್ನು ತರೋಕೆ ಆಗುವುದಿಲ್ಲ. ನೀಲಿ ರೆಕ್ಸಿನ್ ತೆಗೆದು ಉಳಿದವುಗಳ ಹಾಗೇ ಹೊಲಿದು, ಒಳಗೆ ಮೊದಲಿಗೆ ಒಂದು ಖಾಲಿ ಹಾಳೆ ಸೇರಿಸಿಕೊಡುತ್ತೇನೆ ಅಂದಿದ್ದಾರೆ. ಅದರಲ್ಲಿ ಸಂಪಾದಕರ ಹೆಸರನ್ನು ಅತ್ತೆ ತಮ್ಮ ಕೈಯಲ್ಲೇ ಬರೆಯುತ್ತಾರಂತೆ.